ಚಿತ್ರ ಬರೆಯಲು ಬಾರದ ಅನಿಮೇಷನ್ ಮೇಷ್ಟ್ರು

2025ರ ಮಾರ್ಚ್ ತಿಂಗಳ ಕೊನೆಯ ದಿನಗಳು ನೆನಪಿವೆಯಾ? ವಾಟ್ಸ್‌ಆ್ಯಪ್ ಡಿಪಿ, ಇನ್‌ಸ್ಟಾಗ್ರಾಂ ಪೋಸ್ಟ್, ಅಕ್ಕನ ಮದುವೆ ಫೋಟೊ, ಕಾಲೇಜು ಟ್ರಿಪ್ಪಿನ ಗ್ರೂಪ್ ಫೋಟೊ, ಕೊನೆಗೆ ಮನೆಯ ನಾಯಿಮರಿ ಕೂಡ ‘ಘಿಬ್ಲಿ’ ಆಗಿಬಿಟ್ಟಿತ್ತು. ಚಾಟ್‌ಜಿಪಿಟಿಗೆ ಒಂದು ಫೋಟೊ ಕೊಟ್ಟು ಒಂದು ಸಾಲು ಬರೆದರೆ ಸಾಕು, ನಾವೆಲ್ಲ ಜಪಾನಿ ಕಾರ್ಟೂನಿನ ಪಾತ್ರಗಳಂತೆ ಕಾಣುತ್ತಿದ್ದೆವು. ಆ ಗಲಾಟೆಯಲ್ಲಿ ಸ್ಟುಡಿಯೊ ಘಿಬ್ಲಿಯ ಹೆಸರು ನಮ್ಮಲ್ಲಿ ಮನೆಮಾತಾಯಿತು. ಜೊತೆಗೆ ಹಯಾವೊ ಮಿಯಾಝಾಕಿ ಎಂಬ ಬಿಳಿಗಡ್ಡದ ಅಜ್ಜನ ಹೆಸರೂ ಗೊತ್ತಾಯಿತು.

ಆದರೆ 1985ರಲ್ಲಿ ಹುಟ್ಟಿದ ಆ ಸ್ಟುಡಿಯೊ ನಿಂತದ್ದು ಒಬ್ಬರ ಹೆಗಲ ಮೇಲಲ್ಲ. ಮಿಯಾಝಾಕಿ ಅವರಿಗಿಂತ ಐದು ವರ್ಷ ದೊಡ್ಡವರಾದ, ಅವರು ಜೀವನಪೂರ್ತಿ ಗುರುವಿನಂತೆ, ಎದುರಾಳಿಯಂತೆ ಕಂಡ ಇನ್ನೊಬ್ಬ ನಿರ್ದೇಶಕರಿದ್ದರು. ಹೆಸರು ಇಸಾವೊ ತಕಹತಾ. ಇವರ ಬಗ್ಗೆ ಮೊದಲು ಹೇಳಬೇಕಾದ ಸಂಗತಿಯೆಂದರೆ, ಇವರು ಚಿತ್ರಕಾರರಲ್ಲ. ಐವತ್ತು ವರ್ಷಕ್ಕೂ ಹೆಚ್ಚು ಕಾಲ ಅನಿಮೇಷನ್ ಲೋಕದಲ್ಲೇ ದುಡಿದರೂ ಅನಿಮೇಟರ್ ಆಗಲಿಲ್ಲ. ಹೇಳಬೇಕಾದ್ದನ್ನು ತೋರಿಸಲು ಒರಟು ಗೆರೆಗಳ ಗುರುತು ಹಾಕಿಕೊಡುತ್ತಿದ್ದರು, ಅಷ್ಟೆ. ಓದಿದ್ದು ಫ್ರೆಂಚ್ ಸಾಹಿತ್ಯ. ‘ನಿನ್ನ ಡಿಗ್ರಿಗೂ ಈ ಕೆಲಸಕ್ಕೂ ಏನಪ್ಪಾ ಸಂಬಂಧ?’ ಎಂದು ಇಂಟರ್‌ವ್ಯೂಗಳಲ್ಲಿ ಕೇಳಿಸಿಕೊಂಡವರಿಗೆ ಇವರ ಕಥೆ ಸ್ವಲ್ಪ ಹತ್ತಿರವಾದೀತು.

ಬರಿಗಾಲಲ್ಲಿ ಓಡಿದ ಹುಡುಗ

ತಕಹತಾ ಹುಟ್ಟಿದ್ದು 1935ರ ಅಕ್ಟೋಬರ್ 29ರಂದು, ಮಿಯೆ ಪ್ರಾಂತ್ಯದಲ್ಲಿ, ಈಗ ಇಸೆ ಎಂದು ಕರೆಯುವ ಊರಿನಲ್ಲಿ. ಏಳು ಮಕ್ಕಳಲ್ಲಿ ಕೊನೆಯವರು. ತಂದೆ ಶಾಲೆಯ ಮುಖ್ಯಸ್ಥರು. ಕುಟುಂಬ ಒಕಯಾಮಾಕ್ಕೆ ಬಂದು ನೆಲೆಸಿತ್ತು. 1945ರ ಜೂನ್ 29ರ ನಸುಕಿನಲ್ಲಿ ಅಮೆರಿಕದ ವಿಮಾನಗಳು ಆ ಊರಿನ ಮೇಲೆ ಬೆಂಕಿ ಬಾಂಬ್ ಸುರಿದವು. ಒಂಬತ್ತು ವರ್ಷದ ಹುಡುಗ ಮಲಗುವ ಬಟ್ಟೆಯಲ್ಲೇ, ಬರಿಗಾಲಲ್ಲಿ ಅಕ್ಕನೊಬ್ಬಳ ಜೊತೆ ಓಡಿದ. ಮನೆಯವರು ಒಂದು ಕಡೆ, ಇವರಿಬ್ಬರು ಇನ್ನೊಂದು ಕಡೆ. ಬಾಂಬ್ ಸಿಡಿದು ಅಕ್ಕನಿಗೆ ಗಾಯವಾಯಿತು. ಮುಂದೆ ಮನೆಯವರು ಸಿಕ್ಕರು, ಎಲ್ಲರೂ ಬದುಕಿದ್ದರು. ಆದರೆ ಊರು ಮಾತ್ರ ಸುಟ್ಟುಹೋಗಿತ್ತು. ಈ ರಾತ್ರಿಯ ಬಗ್ಗೆ ತಕಹತಾ ಬಹಳ ವರ್ಷ ಹೆಚ್ಚು ಮಾತಾಡಲಿಲ್ಲ. ವಯಸ್ಸಾದ ಮೇಲೆ ಮಾತಾಡಿದರು.

ಮುಂದೆ ಟೋಕಿಯೊ ವಿಶ್ವವಿದ್ಯಾಲಯ. ಜಪಾನಿನಲ್ಲಿ ಅಲ್ಲಿ ಸೀಟು ಸಿಕ್ಕಿತೆಂದರೆ ನಮ್ಮಲ್ಲಿ ಐಐಟಿ ಸಿಕ್ಕಷ್ಟೇ ಹೆಮ್ಮೆ. ಅಲ್ಲಿ ಅವರು ಆರಿಸಿಕೊಂಡದ್ದು ಫ್ರೆಂಚ್ ಸಾಹಿತ್ಯವನ್ನು, ಹುಚ್ಚು ಹಿಡಿಸಿದ್ದು ಜಾಕ್ ಪ್ರೆವೆರ್ ಎಂಬ ಕವಿ. ಆ ಕವಿ ಚಿತ್ರಕಥೆ ಬರೆದು ಪೌಲ್ ಗ್ರಿಮೊ ನಿರ್ದೇಶಿಸಿದ್ದ ಒಂದು ಫ್ರೆಂಚ್ ಅನಿಮೇಷನ್ ಸಿನಿಮಾ 1955ರಲ್ಲಿ ಜಪಾನಿಗೆ ಬಂತು. ದಬ್ಬಾಳಿಕೆಯ ರಾಜ, ಕುರಿ ಕಾಯುವ ಹುಡುಗಿ, ಹೊಗೆಗೂಡು ಗುಡಿಸುವ ಹುಡುಗ ಇವರ ಕಥೆ ಅದು. ಕಾರ್ಟೂನೆಂದರೆ ಮಕ್ಕಳನ್ನು ನಗಿಸುವುದಕ್ಕೆ ಮಾತ್ರ ಎಂದುಕೊಂಡಿದ್ದ ಕಾಲದಲ್ಲಿ ಇದು ರಾಜಕೀಯ, ಪ್ರೀತಿ, ಸ್ವಾತಂತ್ರ್ಯ ಎಲ್ಲವನ್ನೂ ಗೆರೆಯಲ್ಲಿ ಹೇಳಿತ್ತು. ಚಿತ್ರ ಬರೆಯುವ ಆಸೆಯಿಂದಲ್ಲ, ಚಿತ್ರದಿಂದ ಇಷ್ಟೆಲ್ಲ ಹೇಳಬಹುದೇ ಎಂಬ ಬೆರಗಿನಿಂದ ಅವರು ಈ ಕ್ಷೇತ್ರಕ್ಕೆ ಬಂದರು. ಕೊನೆಯ ತನಕ ಅವರ ಕೆಲಸದಲ್ಲಿ ಈ ವ್ಯತ್ಯಾಸ ಕಾಣುತ್ತದೆ.

ಆಗ ತೊಯೆ ದೋಗಾ ಎಂಬ ಕಂಪನಿ ‘ಪೂರ್ವದ ಡಿಸ್ನಿ’ ಆಗಬೇಕೆಂದು ಹೊರಟಿತ್ತು. 1958ರಲ್ಲಿ ಜಪಾನಿನ ಮೊದಲ ಬಣ್ಣದ ಪೂರ್ಣಪ್ರಮಾಣದ ಅನಿಮೇಷನ್ ಸಿನಿಮಾ ತೆಗೆದಿತ್ತು. ಮರುವರ್ಷ, ಡಿಗ್ರಿ ಮುಗಿದ ಕೂಡಲೇ ತಕಹತಾ ಅಲ್ಲಿ ನಿರ್ದೇಶನ ವಿಭಾಗಕ್ಕೆ ಸೇರಿದರು. ಬೆಳಿಗ್ಗೆ ಆಫೀಸಿಗೆ ಕೊನೆಯ ಗಳಿಗೆಯಲ್ಲಿ ಓಡಿ ಬಂದು, ಬ್ರೆಡ್ಡನ್ನು ‘ಪಾಕು ಪಾಕು’ ಎಂದು ಬಾಯಿಗೆ ತುರುಕಿಕೊಂಡು, ನಲ್ಲಿ ನೀರು ಕುಡಿದು ಕೆಲಸಕ್ಕೆ ಕೂರುತ್ತಿದ್ದರಂತೆ. ಹಾಗಾಗಿ ಸಹೋದ್ಯೋಗಿಗಳು ಇಟ್ಟ ಹೆಸರು ‘ಪಾಕು ಸಾನ್’. ನಮ್ಮ ಭಾಷೆಯಲ್ಲಿ ಹೇಳುವುದಾದರೆ ‘ಗಬಗಬ ಸರ್’! ಸಾಯುವವರೆಗೂ ಮಿಯಾಝಾಕಿ ಅವರನ್ನು ಕರೆದದ್ದು ಇದೇ ಹೆಸರಿನಿಂದ.

ಯೂನಿಯನ್, ಮೊದಲ ಸಿನಿಮಾ ಮತ್ತು ಸೋಲು

1963ರಲ್ಲಿ ಮಿಯಾಝಾಕಿ ಅದೇ ಕಂಪನಿಗೆ ಕೆಳಹಂತದ ಅನಿಮೇಟರ್ ಆಗಿ ಸೇರಿದರು. ಇಬ್ಬರನ್ನೂ ಹತ್ತಿರ ತಂದದ್ದು ಕಾರ್ಮಿಕ ಸಂಘ. ಟಿವಿ ಕಾರ್ಟೂನುಗಳ ಕಾಲ ಆಗಷ್ಟೇ ಶುರುವಾಗಿತ್ತು. ವಾರವಾರ ಕಂತು ಮುಗಿಸಬೇಕು, ಕೆಲಸ ಹೆಚ್ಚು, ಭದ್ರತೆ ಕಡಿಮೆ. ತಕಹತಾ ಸಂಘದ ಉಪಾಧ್ಯಕ್ಷರಾದರು, ಮಿಯಾಝಾಕಿ ಕಾರ್ಯದರ್ಶಿಯಾದರು. ಸಿನಿಮಾ ಹೇಗಿರಬೇಕು, ಅದನ್ನು ಮಾಡುವ ಜನ ಹೇಗೆ ಬದುಕಬೇಕು ಎಂಬ ಎರಡೂ ಚರ್ಚೆ ಅಲ್ಲಿ ಒಟ್ಟಿಗೇ ನಡೆಯುತ್ತಿತ್ತು.

1965ರಲ್ಲಿ ಹಿರಿಯ ಅನಿಮೇಟರ್ ಯಾಸುವೊ ಓತ್ಸುಕಾ ಅವರಿಗೆ ಹೊಸ ಸಿನಿಮಾವೊಂದರ ಹೊಣೆ ಬಂತು. ಅವರು ಒಂದು ಷರತ್ತು ಹಾಕಿದರು: ನಿರ್ದೇಶಕ ತಕಹತಾ ಆಗಬೇಕು. ಮೂವತ್ತು ವರ್ಷದ, ಚಿತ್ರ ಬರೆಯಲು ಬಾರದ ಹುಡುಗನಿಗೆ ಇಡೀ ಸಿನಿಮಾ! ಹೀಗೆ ಶುರುವಾದದ್ದು ‘ಹೋರಸ್: ಪ್ರಿನ್ಸ್ ಆಫ್ ದಿ ಸನ್’. ಮೂಲ ಕಥೆ ಐನು ಬುಡಕಟ್ಟಿನ ಹಿನ್ನೆಲೆಯ ಒಂದು ಗೊಂಬೆಯಾಟ. ಅದನ್ನು ಉತ್ತರ ಯುರೋಪಿನಂಥ ಒಂದು ಊರಿಗೆ ಒಯ್ದರು.

ಈ ಸಿನಿಮಾದಲ್ಲಿ ತಕಹತಾ ಕೆಲಸ ಮಾಡಿದ ರೀತಿ ನನಗೆ ಸಿನಿಮಾಕ್ಕಿಂತ ಹೆಚ್ಚು ಆಸಕ್ತಿಯದ್ದಾಗಿ ಕಾಣುತ್ತದೆ. ಕಥೆಯ ಕರಡನ್ನು ಇಡೀ ತಂಡಕ್ಕೆ ಹಂಚಿದರು. ಮೇಲಿನವರು, ಕೆಳಗಿನವರು ಎನ್ನದೆ ಎಲ್ಲರಿಂದ ಸಲಹೆ ಕೇಳಿದರು. ಹಳ್ಳಿಯ ಜನ ಯಾರು ಯಾರಿಗೆ ಏನಾಗಬೇಕು, ಕಥೆಯ ಯಾವ ಘಟ್ಟದಲ್ಲಿ ಭಾವನೆಯ ಬಿಗಿ ಎಷ್ಟು ಏರಬೇಕು, ಎಲ್ಲಿ ಇಳಿಯಬೇಕು ಎಂದು ಗ್ರಾಫ್ ಥರದ ಚಾರ್ಟ್ ಹಾಕಿ ಕೊಟ್ಟರು. ಕೈಯಲ್ಲಿ ಬರೆದು ತೋರಿಸಲು ಆಗದಿದ್ದವರು ಮಾತಿನಲ್ಲಿ, ನಕ್ಷೆಯಲ್ಲಿ, ಕೊನೆಯಿಲ್ಲದ ಪ್ರಶ್ನೆಗಳಲ್ಲಿ ಹೇಳಿದರು. ಪಾತ್ರ ಈ ಬಾಗಿಲು ಯಾಕೆ ತೆಗೆಯುತ್ತದೆ? ತೆಗೆಯುವಾಗ ಏನು ಯೋಚಿಸುತ್ತಿದೆ? ಹೀಗೆ ಕೇಳಿದರೆ ಅನಿಮೇಟರ್ ತಾನೇ ಯೋಚಿಸಬೇಕಾಗುತ್ತದೆ. ಹೊಸಬ ಮಿಯಾಝಾಕಿ ರಾಶಿ ರಾಶಿ ಐಡಿಯಾಗಳ ಚಿತ್ರ ಬರೆದು ತಂದು ಗೋಡೆಗೆ ಹಚ್ಚುವಂತಾದದ್ದು ಇಂಥ ವಾತಾವರಣದಲ್ಲೇ. ಸಿನಿಮಾದ ಹಿಲ್ದಾ ಎಂಬ ಹುಡುಗಿ ಪಾತ್ರವನ್ನೇ ನೋಡಿ. ಅವಳು ಒಳ್ಳೆಯವಳೂ ಅಲ್ಲ, ಕೆಟ್ಟವಳೂ ಅಲ್ಲ. ಒಳಗೊಳಗೇ ಒಡೆದುಹೋದವಳು. ಆಗಿನ ಮಕ್ಕಳ ಕಾರ್ಟೂನುಗಳಲ್ಲಿ ಇಂಥ ಪಾತ್ರ ಇರಲಿಲ್ಲ.

ಆದರೆ ಕೆಲವು ತಿಂಗಳಲ್ಲಿ ಮುಗಿಯಬೇಕಿದ್ದ ಕೆಲಸ ಮೂರು ವರ್ಷ ಎಳೆಯಿತು. ಮಧ್ಯೆ ಕಂಪನಿ ಕೆಲಸ ನಿಲ್ಲಿಸಿತು, ಮತ್ತೆ ಶುರುಮಾಡಿಸಿತು. ಕೊನೆಗೆ ದುಡ್ಡು, ಸಮಯ ಎರಡೂ ಮುಗಿದು, ಹಳ್ಳಿಯ ಮೇಲೆ ತೋಳಗಳು ಮತ್ತು ಇಲಿಗಳು ದಾಳಿ ಮಾಡುವ ದೃಶ್ಯಗಳನ್ನು ಚಲಿಸುವ ಚಿತ್ರಗಳಿಲ್ಲದೆ ಸ್ತಬ್ಧಚಿತ್ರಗಳ ಮೇಲೆ ಕ್ಯಾಮೆರಾ ಓಡಿಸಿ ಮುಗಿಸಬೇಕಾಯಿತು. ಇಂದಿಗೂ ಆ ಸಿನಿಮಾ ನೋಡಿದರೆ ಆ ತೇಪೆ ಕಣ್ಣಿಗೆ ಬೀಳುತ್ತದೆ. 1968ರ ಜುಲೈನಲ್ಲಿ ತೆರೆಗೆ ಬಂತು, ಸುಮಾರು ಹತ್ತು ದಿನ ಓಡಿತು, ಇಳಿಯಿತು. ತೊಯೆ ಕಂಪನಿ ತಕಹತಾ ಕೈಗೆ ಮತ್ತೆಂದೂ ಸಿನಿಮಾ ಕೊಡಲಿಲ್ಲ. ಆಗ ಅವರಿಗೆ 32 ವರ್ಷ.

ಇದಕ್ಕೆ ಹತ್ತು ವರ್ಷದ ನಂತರದ ಒಂದು ಸಣ್ಣ ಬಾಲಂಗೋಚಿ ಇದೆ. 1978ರಲ್ಲಿ ‘ಅನಿಮಾಜ್’ ಎಂಬ ಪತ್ರಿಕೆ ಶುರುವಾಗುವಾಗ ತೊಶಿಯೊ ಸುಝುಕಿ ಎಂಬ ಯುವ ಪತ್ರಕರ್ತ ಮೊದಲ ಸಂಚಿಕೆಗೆ ‘ಹೋರಸ್’ ಬಗ್ಗೆ ಬರೆಯಲು ತಕಹತಾ ಅವರಿಗೆ ಫೋನ್ ಮಾಡಿದರು. ತಾನು ಯಾಕೆ ಸಂದರ್ಶನ ಕೊಡುವುದಿಲ್ಲ ಎಂಬುದನ್ನು ತಕಹತಾ ಸುಮಾರು ಒಂದು ಗಂಟೆ ವಿವರಿಸಿದರಂತೆ. ಆಮೇಲೆ ಪಕ್ಕದಲ್ಲಿದ್ದ ಮಿಯಾಝಾಕಿ ಕೈಗೆ ಫೋನ್ ಕೊಟ್ಟರು. ಅವರೋ, ಹೇಳುವುದು ಬಹಳ ಇದೆ, 16 ಪುಟ ಕೊಟ್ಟರೆ ಮಾತ್ರ ಮಾತಾಡುತ್ತೇನೆ ಎಂದರು! ಸಂದರ್ಶನ ನಡೆಯಲಿಲ್ಲ. ಆದರೆ ಮುಂದೆ ಘಿಬ್ಲಿ ಕಟ್ಟಿದ ಮೂವರ ಮೊದಲ ಮಾತುಕತೆ ಇದೇ.

ಚೀಸ್ ಕರಗುವುದನ್ನು ತೋರಿಸುವ ಕಲೆ

1971ರಲ್ಲಿ ತಕಹತಾ, ಮಿಯಾಝಾಕಿ ಮತ್ತು ಯೊಯಿಚಿ ಕೊತಾಬೆ ಮೂವರೂ ತೊಯೆ ಬಿಟ್ಟರು. ಸ್ವೀಡನ್ನಿನ ‘ಪಿಪ್ಪಿ ಲಾಂಗ್‌ಸ್ಟಾಕಿಂಗ್’ ಕಥೆಯನ್ನು ಟಿವಿಗೆ ತರುವುದು ಅವರ ಉದ್ದೇಶ. ನೂರಾರು ಚಿತ್ರ, ಟಿಪ್ಪಣಿ ಎಲ್ಲ ತಯಾರಾಯಿತು. ಮಿಯಾಝಾಕಿ ಸ್ವೀಡನ್ನಿಗೂ ಹೋಗಿಬಂದರು. ಲೇಖಕಿ ಆಸ್ಟ್ರಿಡ್ ಲಿಂಡ್‌ಗ್ರೆನ್ ಅನುಮತಿ ಕೊಡಲಿಲ್ಲ. ಇದ್ದ ಕೆಲಸ ಬಿಟ್ಟಾಗಿತ್ತು, ನಂಬಿಕೊಂಡು ಬಂದ ಕೆಲಸವೂ ಕೈತಪ್ಪಿತು. ಆದರೆ ಆ ತಯಾರಿ ಕಸದ ಬುಟ್ಟಿಗೆ ಹೋಗಲಿಲ್ಲ. 1972ರಲ್ಲಿ ಚೀನಾ ಟೋಕಿಯೊದ ಮೃಗಾಲಯಕ್ಕೆ ಪಾಂಡಾಗಳನ್ನು ಕೊಟ್ಟು ಇಡೀ ಜಪಾನಿಗೆ ಪಾಂಡಾ ಹುಚ್ಚು ಹಿಡಿದಾಗ ‘ಪಾಂಡಾ! ಗೋ, ಪಾಂಡಾ!’ ಎಂಬ ಪುಟ್ಟ ಸಿನಿಮಾ ಮಾಡಿದರು. ಅದರಲ್ಲಿ ದೊಡ್ಡವರಿಲ್ಲದ ಮನೆಯಲ್ಲಿ ಒಬ್ಬಳೇ ಇರುವ, ಎರಡು ಕೆಂಪು ಜಡೆಯ ಹುಡುಗಿಯನ್ನು ನೋಡಿದರೆ ಪಿಪ್ಪಿ ಎಲ್ಲಿಗೆ ಹೋದಳು ಎಂದು ಗೊತ್ತಾಗುತ್ತದೆ.

1974ರಲ್ಲಿ ಬಂದದ್ದು ‘ಹೈಡಿ’. ಸ್ವಿಟ್ಜರ್ಲೆಂಡಿನ ಬೆಟ್ಟದ ಮೇಲೆ ಅಜ್ಜನ ಜೊತೆ ಬೆಳೆಯುವ ಅನಾಥ ಹುಡುಗಿಯ ಕಥೆ, 52 ಕಂತು, ವಾರಕ್ಕೊಂದು. ರೋಬೊಗಳು, ಹೋರಾಟಗಳು ತುಂಬಿದ್ದ ಟಿವಿಯಲ್ಲಿ ಇಲ್ಲಿ ಏನೂ ‘ನಡೆಯುವುದಿಲ್ಲ’. ಹುಡುಗಿ ಹುಲ್ಲಿನ ಹಾಸಿಗೆ ಮಾಡಿಕೊಳ್ಳುತ್ತಾಳೆ. ಆಡಿನ ಹಾಲು ಕುಡಿಯುತ್ತಾಳೆ. ಅಜ್ಜ ಚೀಸಿನ ತುಂಡನ್ನು ಬೆಂಕಿಗೆ ಹಿಡಿದು, ಕರಗಿದ ಮೇಲೆ ಬ್ರೆಡ್ಡಿಗೆ ಸವರಿ ಕೊಡುತ್ತಾನೆ. ಆ ಚೀಸ್ ಕರಗುವುದನ್ನು ನೋಡಿ ಒಂದು ತಲೆಮಾರಿನ ಜಪಾನಿ ಮಕ್ಕಳ ಬಾಯಲ್ಲಿ ನೀರೂರಿತು. ಇದಕ್ಕಾಗಿ ತಂಡ 1973ರಲ್ಲೇ ಸ್ವಿಟ್ಜರ್ಲೆಂಡಿಗೆ ಹೋಗಿ ಮನೆಗಳು, ಬೆಟ್ಟಗಳು, ಹುಲ್ಲುಗಾವಲು ಎಲ್ಲವನ್ನೂ ನೋಡಿ ಬಂದಿತ್ತು. ಟಿವಿ ಕಾರ್ಟೂನಿಗಾಗಿ ಲೊಕೇಷನ್ ನೋಡಲು ವಿದೇಶಕ್ಕೆ ಹೋಗುವುದು ಆಗ ವಿಚಿತ್ರವೇ. ಕೊತಾಬೆ ಪಾತ್ರಗಳ ರೂಪ ಬರೆದರು. ಮಿಯಾಝಾಕಿ ವರ್ಷಪೂರ್ತಿ ಪ್ರತಿಯೊಂದು ಶಾಟ್‌ನ ಲೇಔಟ್, ಅಂದರೆ ಪಾತ್ರ ಎಲ್ಲಿ ನಿಲ್ಲಬೇಕು, ಕ್ಯಾಮೆರಾ ಎಲ್ಲಿಂದ ನೋಡಬೇಕು ಎಂಬ ನಕ್ಷೆ ಬರೆದರು. ಹತ್ತಾರು ಕೈಗಳು ಬರೆದರೂ ಒಂದೇ ಕೈ ಬರೆದಂತೆ ಕಾಣಲು ಈ ಪದ್ಧತಿ ನೆರವಾಯಿತು. ಮುಂದೆ ಜಪಾನಿನ ಅನಿಮೇಷನ್ ಉದ್ಯಮದಲ್ಲಿ ಇದು ಬೇರೂರಿತು.

ಹೈಡಿ ಸ್ಪೇನ್, ಜರ್ಮನಿ, ಇಟಲಿಗೂ ಹೋಗಿ ಅಲ್ಲಿನ ಮನೆಮಗಳಾದಳು. ನಂತರ ತಾಯಿಯನ್ನು ಹುಡುಕಿಕೊಂಡು ಇಟಲಿಯಿಂದ ಅರ್ಜೆಂಟಿನಾಕ್ಕೆ ಹೋಗುವ ಮಾರ್ಕೊ ಎಂಬ ಹುಡುಗನ ಕಥೆ (1976), ಆಮೇಲೆ ‘ಆ್ಯನ್ ಆಫ್ ಗ್ರೀನ್ ಗೇಬಲ್ಸ್’ (1979). ‘ಆ್ಯನ್’ 15ನೇ ಕಂತಿನ ಹೊತ್ತಿಗೆ ಮಿಯಾಝಾಕಿ ಹೊರಟುಹೋಗಿ ತಮ್ಮ ಮೊದಲ ಸಿನಿಮಾ ನಿರ್ದೇಶಿಸಿದರು. ಶಿಷ್ಯನ ದಾರಿ ಬೇರೆಯಾಯಿತು.

ಅಣ್ಣ, ತಂಗಿ, ಒಂದು ಡಬ್ಬಿ ಪೆಪ್ಪರ್‌ಮಿಂಟು

ಬೇರೆಯಾದರೂ ದೂರವಾಗಲಿಲ್ಲ. 1984ರ ‘ನೌಸಿಕಾ’ ಸಿನಿಮಾಕ್ಕೆ ತಕಹತಾ ನಿರ್ಮಾಪಕರಾಗಬೇಕು ಎಂದು ಮಿಯಾಝಾಕಿ ಹಟ ಹಿಡಿದರು. ಸುಝುಕಿ ಹೇಳುವ ಪ್ರಕಾರ, ತಕಹತಾ ಒಂದು ಇಡೀ ನೋಟ್‌ಬುಕ್ಕಿನಲ್ಲಿ ನಿರ್ಮಾಪಕರು ಎಂದರೆ ಯಾರು, ಎಷ್ಟು ಬಗೆ, ಅವರ ಗುಣಗಳೇನು ಎಂದು ವಿಶ್ಲೇಷಿಸಿ, ಕೊನೆಗೆ ‘ಆದ್ದರಿಂದ ನಾನು ಈ ಕೆಲಸಕ್ಕೆ ಲಾಯಕ್ಕಲ್ಲ’ ಎಂಬ ತೀರ್ಮಾನಕ್ಕೆ ಬಂದಿದ್ದರಂತೆ. ಕೊನೆಗೂ ಒಪ್ಪಿದರು. ತೆಗೆದುಕೊಂಡ ಕೆಲಸ ಅಚ್ಚುಕಟ್ಟಾಗಿ ಮಾಡಿದರು. ಆ ಸಿನಿಮಾದ ಗಳಿಕೆಯಲ್ಲಿ ಅವರು ಮಾಡಿದ್ದೇನು ಗೊತ್ತೇ? ಯನಗಾವಾ ಎಂಬ ಊರಿನ ಹಳೆಯ ಕಾಲುವೆಗಳನ್ನು ಊರಿನವರು ಮತ್ತೆ ಶುಚಿ ಮಾಡಿದ ಬಗ್ಗೆ ಸುಮಾರು ಎರಡೂ ಮುಕ್ಕಾಲು ಗಂಟೆಯ ಡಾಕ್ಯುಮೆಂಟರಿ! ಅನಿಮೇಷನ್ ಅಲ್ಲ, ನಿಜವಾದ ಕಾಲುವೆ, ನಿಜವಾದ ಕೆಸರು. ಆ ದುಡ್ಡೆಲ್ಲ ಅದರಲ್ಲೇ ಕರಗಿತು.

ಆಮೇಲೆ 1988ರ ಏಪ್ರಿಲ್ 16. ಘಿಬ್ಲಿ ಅಂದು ಒಂದೇ ಟಿಕೆಟ್ಟಿಗೆ ಎರಡು ಸಿನಿಮಾ ಬಿಡುಗಡೆ ಮಾಡಿತು. ಒಂದು ಮಿಯಾಝಾಕಿಯ ‘ಮೈ ನೇಬರ್ ತೊತೊರೊ’. ಇನ್ನೊಂದು ತಕಹತಾ ಅವರ ‘ಗ್ರೇವ್ ಆಫ್ ದಿ ಫೈರ್‌ಫ್ಲೈಸ್’. ಒಂದರಲ್ಲಿ ಅಕ್ಕ ತಂಗಿಗೆ ಕಾಡಿನಲ್ಲಿ ದೊಡ್ಡ ಹೊಟ್ಟೆಯ ಗೆಳೆಯ ಸಿಗುತ್ತಾನೆ. ಇನ್ನೊಂದರಲ್ಲಿ ಅಣ್ಣ ತಂಗಿಗೆ ಯಾರೂ ಸಿಗುವುದಿಲ್ಲ.

ಮೂಲ ಕಥೆ ಅಕಿಯುಕಿ ನೊಸಾಕಾ 1967ರಲ್ಲಿ ಬರೆದದ್ದು. ಯುದ್ಧದ ಕೊನೆಯಲ್ಲಿ ಅವರ ಪುಟ್ಟ ತಂಗಿ ಹಸಿವಿನಿಂದ ಸತ್ತಿದ್ದಳು. ತಾನು ಆಗ ಕಥೆಯ ಅಣ್ಣನಷ್ಟು ಒಳ್ಳೆಯವನಾಗಿರಲಿಲ್ಲ ಎಂಬ ಸಂಕಟದಲ್ಲಿ ಬರೆದ ಕಥೆ ಅದು. ಕೋಬೆ ನಗರದ ಮೇಲೆ ಬೆಂಕಿ ಬಾಂಬ್ ಬಿದ್ದು ತಾಯಿ ಸಾಯುತ್ತಾಳೆ. 14 ವರ್ಷದ ಸೆಯಿತಾ ನಾಲ್ಕು ವರ್ಷದ ಸೆತ್ಸುಕೊಳನ್ನು ಕರೆದುಕೊಂಡು ಸಂಬಂಧಿಕರ ಮನೆಗೆ ಹೋಗುತ್ತಾನೆ. ಅಲ್ಲಿ ಅತ್ತೆಯ ಕುಟುಕು ಮಾತು ತಡೆಯಲಾರದೆ ಹೊರಬಿದ್ದು ಕೆರೆಯ ದಂಡೆಯ ಗುಹೆಯಂಥ ಜಾಗದಲ್ಲಿ ಇಬ್ಬರೇ ಇರುತ್ತಾರೆ. ಅಣ್ಣ ಸತ್ತ ದಿನದಿಂದಲೇ ಸಿನಿಮಾ ಶುರುವಾಗುವುದರಿಂದ ಕೊನೆ ಏನೆಂದು ಮೊದಲ ನಿಮಿಷದಲ್ಲೇ ಗೊತ್ತು. ಆದರೂ ಆ ಹಣ್ಣಿನ ರುಚಿಯ ಪೆಪ್ಪರ್‌ಮಿಂಟಿನ ತಗಡು ಡಬ್ಬಿಯೊಳಗೆ ನೀರು ಹಾಕಿ ಕುಲುಕಿ, ತಂಗಿಗೆ ಕುಡಿಯಲು ಕೊಡುವಾಗ ಗಂಟಲು ಕಟ್ಟದವರಿಲ್ಲ. (ಅಂಥ ಡಬ್ಬಿ ಮಾಡುತ್ತಿದ್ದ, 1908ರಷ್ಟು ಹಳೆಯ ಸಕುಮಾ ಕಂಪನಿ 2023ರ ಜನವರಿಯಲ್ಲಿ ಬಾಗಿಲು ಹಾಕಿತು.)

ಈ ಸಿನಿಮಾದಲ್ಲಿ ಪಾತ್ರಗಳ ಹೊರಗೆರೆ ಕಪ್ಪಲ್ಲ, ಕಂದು. ಸೆತ್ಸುಕೊಗೆ ದನಿ ಕೊಟ್ಟದ್ದು ನಿಜಕ್ಕೂ ಐದು ವರ್ಷದ ಮಗು. ಆ ಮಗುವಿನ ಮಾತನ್ನು ಮೊದಲು ರೆಕಾರ್ಡ್ ಮಾಡಿ, ಆಮೇಲೆ ಅದಕ್ಕೆ ತಕ್ಕಂತೆ ತುಟಿ, ಮುಖ ಬರೆದರು. ಜಪಾನಿನಲ್ಲಿ ಸಾಮಾನ್ಯವಾಗಿ ಮೊದಲು ಚಿತ್ರ, ಆಮೇಲೆ ದನಿ. ತಕಹತಾ ಅದನ್ನು ಉಲ್ಟಾ ಮಾಡಿದರು.

ಎಲ್ಲರೂ ಇದನ್ನು ಯುದ್ಧವಿರೋಧಿ ಸಿನಿಮಾ ಎನ್ನುತ್ತಾರೆ. ಅಲ್ಲ ಎಂದು ತಕಹತಾ ಕೊನೆಯವರೆಗೂ ವಾದಿಸಿದರು. ಯುದ್ಧದಿಂದ ಆಗುವ ನೋವನ್ನು ತೋರಿಸಿ ಅಳಿಸಿದರೆ ಯುದ್ಧ ನಿಲ್ಲುವುದಿಲ್ಲ, ‘ಇಂಥ ನೋವು ಮತ್ತೆ ಬಾರದಿರಲಿ’ ಎಂಬ ಮಾತನ್ನೇ ಹೇಳಿಕೊಂಡು ಹೊಸ ಯುದ್ಧ ಶುರು ಮಾಡುತ್ತಾರೆ ಎಂಬುದು ಅವರ ಮಾತಿನ ಸಾರ. ಹಾಗಂತ ಅವರು ಯುದ್ಧದ ಪರ ಎಂದಲ್ಲ. ಜಪಾನಿನ ಸಂವಿಧಾನದ ಯುದ್ಧತ್ಯಾಗದ ವಿಧಿಯನ್ನು ಉಳಿಸಲು ಬಹಿರಂಗವಾಗಿ ನಿಂತವರು ಅವರು. ಸಿನಿಮಾದಲ್ಲಿ ಅವರಿಗೆ ಕಂಡದ್ದು ಬೇರೆ: ಜನರ ಜೊತೆ ಹೊಂದಿಕೊಳ್ಳುವ ಕಿರಿಕಿರಿ ಬೇಡವೆಂದು ಎಲ್ಲರಿಂದ ಕಡಿದುಕೊಂಡು ತನ್ನದೇ ಪುಟ್ಟ ಲೋಕ ಕಟ್ಟಿಕೊಳ್ಳಲು ಹೋಗುವ ಹುಡುಗ. ಅವನು 1945ರವನಿಗಿಂತ ಹೆಚ್ಚಾಗಿ ಈ ಕಾಲದ ಹುಡುಗನಂತೆ ಕಾಣುತ್ತಾನೆ ಎಂದು ಅವರಿಗೆ ಅನ್ನಿಸಿತ್ತು. ನೋಡಿದವರಲ್ಲಿ ಹೆಚ್ಚಿನವರು ಅತ್ತೆಯನ್ನು ಬೈಯುತ್ತಾರೆ. ಎರಡನೇ ಸಲ ನೋಡಿದಾಗ ಅವಳ ಮಾತಲ್ಲೂ ಸ್ವಲ್ಪ ನ್ಯಾಯವಿದೆಯಲ್ಲ ಎಂದು ನನಗೆ ಅನ್ನಿಸಿ ಮುಜುಗರವಾಯಿತು.

ಅಂದಹಾಗೆ, ಈ ಮೇರುಕೃತಿಯೂ ಸಮಯಕ್ಕೆ ಮುಗಿಯಲಿಲ್ಲ! ಸೆಯಿತಾ ಹೊಲದಲ್ಲಿ ತರಕಾರಿ ಕದ್ದು ಸಿಕ್ಕಿಬೀಳುವ ದೃಶ್ಯದ ಕೆಲವು ಶಾಟ್‌ಗಳು ಬಣ್ಣ ತುಂಬದೆ, ಬರಿಯ ಗೆರೆಯಲ್ಲೇ ಥಿಯೇಟರಿಗೆ ಹೋದವು. ಬಣ್ಣ ತುಂಬಿದ್ದು ಬಿಡುಗಡೆಯ ನಂತರ.

ದುಡಿಸಿದವರ ಲೆಕ್ಕ

ಇಲ್ಲಿ ಕಹಿ ಮಾತೊಂದನ್ನು ಆಡಲೇಬೇಕು. ತಡ ಮಾಡುವುದು ತಕಹತಾ ಅವರ ಮಟ್ಟಿಗೆ ಪರಿಪೂರ್ಣತೆಯ ಬೆಲೆ. ಆದರೆ ಆ ಬೆಲೆ ತೆತ್ತವರು ಅವರೊಬ್ಬರೇ ಅಲ್ಲ. ಒಂದು ಕಾಲಕ್ಕೆ ಕಾರ್ಮಿಕ ಸಂಘದ ಮುಂದಾಳಾಗಿದ್ದ ಮನುಷ್ಯನ ಕೈಕೆಳಗೆ ಅನಿಮೇಟರುಗಳು ರಾತ್ರಿ ಹಗಲು ಬಸವಳಿದರು. ಅವರು ತೃಪ್ತರಾಗುವವರೆಗೆ ಮತ್ತೆ ಮತ್ತೆ ಬರೆಯಬೇಕು. ಸುಝುಕಿ ನಂತರದ ವರ್ಷಗಳಲ್ಲಿ ಇದನ್ನು ಮುಚ್ಚಿಡಲಿಲ್ಲ. ತಕಹತಾ ಜೊತೆ ದುಡಿದ ಪ್ರತಿಭಾವಂತರಲ್ಲಿ ಹಲವರು ಸೋತು ಸುಣ್ಣವಾದರು ಎಂದು ನೇರವಾಗಿಯೇ ಹೇಳಿದ್ದಾರೆ. ‘ಫೈರ್‌ಫ್ಲೈಸ್’ಗೆ ಪಾತ್ರಗಳನ್ನು ರೂಪಿಸಿದ ಯೊಶಿಫುಮಿ ಕೊಂದೊ ಘಿಬ್ಲಿಯ ಮುಂದಿನ ನಾಯಕ ಎಂದು ಎಲ್ಲರೂ ನಂಬಿದ್ದ ಕಲಾವಿದ. ಅವರು 1998ರ ಜನವರಿಯಲ್ಲಿ ತಮ್ಮ 47ನೇ ವಯಸ್ಸಿನಲ್ಲಿ ತೀರಿಕೊಂಡರು. ಅದಕ್ಕೆ ಯಾರನ್ನಾದರೂ ಒಬ್ಬರನ್ನು ಬೊಟ್ಟು ಮಾಡುವುದು ತಪ್ಪಾಗುತ್ತದೆ. ಆದರೆ ಅತಿದುಡಿಮೆಯ ಮಾತು ಆಗಲೂ ಎದ್ದಿತ್ತು, ಇನ್ನೂ ತಣ್ಣಗಾಗಿಲ್ಲ. ‘ಪ್ಯಾಷನ್ ಇದ್ದರೆ ಸಂಬಳ, ರಜೆ ಲೆಕ್ಕ ಹಾಕಬಾರದು’ ಎಂದು ನಮಗೆ ಹೇಳುವ ಬಾಸ್‌ಗಳು ಇಂಥ ಮಹಾನುಭಾವರ ಉದಾಹರಣೆಯನ್ನೇ ಕೊಡುತ್ತಾರೆ. ಆ ಉದಾಹರಣೆಯ ಈ ಇನ್ನೊಂದು ಮುಖವೂ ಗೊತ್ತಿರುವುದು ಒಳ್ಳೆಯದು.

ಹಾಗೆಂದು ಸಿನಿಮಾಗಳು ಚಿಕ್ಕವಾಗುವುದಿಲ್ಲ. 1991ರ ‘ಓನ್ಲಿ ಯೆಸ್ಟರ್‌ಡೇ’ ನಮ್ಮ ವಯಸ್ಸಿನವರು ನೋಡಲೇಬೇಕಾದದ್ದು. ಟೋಕಿಯೊದ ಆಫೀಸಿನಲ್ಲಿ ಕೆಲಸ ಮಾಡುವ, ಮದುವೆಯಾಗದ 27 ವರ್ಷದ ತಾಯೆಕೊ ರಜೆ ಹಾಕಿ ಯಮಗಾತಾದ ಹಳ್ಳಿಗೆ ಕುಸುಬೆ ಹೂ ಕೀಳಲು ಹೋಗುತ್ತಾಳೆ. ದಾರಿಯುದ್ದಕ್ಕೂ ಐದನೇ ಕ್ಲಾಸಿನ ತಾನು ಬೆನ್ನು ಹತ್ತುತ್ತಾಳೆ. ಅದರಲ್ಲೊಂದು ದೃಶ್ಯ: ಭಿನ್ನರಾಶಿಯ ಭಾಗಾಕಾರದಲ್ಲಿ ಬಹಳ ಕಡಿಮೆ ಅಂಕ. ಕೆಳಗಿನದನ್ನು ಮೇಲೆ ಮಾಡಿ ಗುಣಿಸು, ಅಷ್ಟೆ ಎಂದು ಅಕ್ಕ ರೇಗುತ್ತಾಳೆ. ಹುಡುಗಿ ಕೇಳುವುದು, ಮೂರನೇ ಎರಡು ಸೇಬನ್ನು ನಾಲ್ಕನೇ ಒಂದರಿಂದ ಭಾಗಿಸುವುದು ಎಂದರೆ ಏನು ಎಂದು. ಅವಳು ದಡ್ಡಿ ಎಂದು ಮನೆಯವರು ಪಿಸುಗುಡುತ್ತಾರೆ. ಸ್ಪರ್ಧಾತ್ಮಕ ಪರೀಕ್ಷೆಗೆ ಶಾರ್ಟ್‌ಕಟ್ ಉರು ಹೊಡೆಯುತ್ತಿರುವವರಿಗೆ ಆ ಪ್ರಶ್ನೆ ಎದೆಗೆ ತಾಗುತ್ತದೆ. ಇಡೀ ಸಿನಿಮಾದಲ್ಲಿ ಮಾಯೆ, ಮಂತ್ರ ಏನೂ ಇಲ್ಲ. ನಟ ನಟಿಯರನ್ನು ಇಟ್ಟುಕೊಂಡೇ ತೆಗೆಯಬಹುದಿತ್ತಲ್ಲ ಎಂದು ಆಗ ಹಲವರು ಕೇಳಿದರು. ಆದರೂ ಆ ವರ್ಷ ಜಪಾನಿನಲ್ಲಿ ಅತಿ ಹೆಚ್ಚು ಗಳಿಸಿದ ಜಪಾನಿ ಸಿನಿಮಾ ಅದೇ.

1994ರ ‘ಪೊಂ ಪೊಕೊ’ ಕೂಡ ಗೆದ್ದಿತು. ಟೋಕಿಯೊ ಹೊರವಲಯದ ತಾಮಾ ಗುಡ್ಡಗಳನ್ನು ಕಡಿದು ಬಡಾವಣೆ ಮಾಡುವಾಗ, ರೂಪ ಬದಲಿಸಬಲ್ಲ ತನುಕಿ ಎಂಬ ಪ್ರಾಣಿಗಳು ಕಾಡು ಉಳಿಸಲು ಹೋರಾಡುವ, ನಗಿಸುತ್ತಲೇ ಸೋಲುವ ಕಥೆ. ಆಮೇಲೆ 1999ರಲ್ಲಿ ‘ಮೈ ನೇಬರ್ಸ್ ದಿ ಯಮದಾಸ್’. ಇಲ್ಲಿ ‘ಘಿಬ್ಲಿ ಸ್ಟೈಲ್’ ಹುಡುಕಿದರೂ ಸಿಗುವುದಿಲ್ಲ. ಪತ್ರಿಕೆಯ ಮೂಲೆಯ ವ್ಯಂಗ್ಯಚಿತ್ರದಂತೆ ನಾಲ್ಕು ಗೆರೆ, ಅಲ್ಲಲ್ಲಿ ತೆಳು ಜಲವರ್ಣ, ಉಳಿದದ್ದೆಲ್ಲ ಖಾಲಿ ಬಿಳಿ. ಈ ಸರಳ ನೋಟಕ್ಕಾಗಿ ಘಿಬ್ಲಿ ಮೊದಲ ಬಾರಿಗೆ ಪೂರ್ತಿ ಕಂಪ್ಯೂಟರಿಗೆ ಹೋಗಬೇಕಾಯಿತು. ಗೆರೆಗೆ ಬೇರೆ, ಬಣ್ಣಕ್ಕೆ ಬೇರೆ ಎಂದು ಒಂದೊಂದು ಚಿತ್ರವನ್ನೂ ಹಲವು ಸಲ ಬರೆಯಬೇಕಾಯಿತು. ಸಿನಿಮಾ ಮಕಾಡೆ ಮಲಗಿತು. 63 ವರ್ಷದ ನಿರ್ದೇಶಕನಿಗೆ ಮುಂದಿನ 14 ವರ್ಷ ಹೊಸ ಸಿನಿಮಾ ತೆರೆಗೆ ಬರಲಿಲ್ಲ.

ಎಂಟು ವರ್ಷದ ಬಿದಿರು

ನಿಪ್ಪಾನ್ ಟಿವಿಯ ಮುಖ್ಯಸ್ಥ ಸೆಯಿಚಿರೊ ಉಜಿಯೆಗೆ ಮಾತ್ರ ಆ ಸೋತ ‘ಯಮದಾಸ್’ ಬಹಳ ಇಷ್ಟವಾಗಿತ್ತು. ಸಾಯುವ ಮುಂಚೆ ತಕಹತಾ ಅವರ ಇನ್ನೊಂದು ಸಿನಿಮಾ ನೋಡಬೇಕು, ದುಡ್ಡಿನ ಚಿಂತೆ ಬೇಡ ಎಂದರು. ಕೆಲಸ ಮಾಡಿಸುವ ಹೊಣೆ ಬಿದ್ದದ್ದು ಯೊಶಿಯಾಕಿ ನಿಶಿಮುರಾ ಎಂಬ, ಆಗ ಇನ್ನೂ ಮೂವತ್ತು ದಾಟದ ಹುಡುಗನ ಮೇಲೆ. ಆತ ದಿನವೂ ತಕಹತಾ ಮನೆಗೆ ಹೋಗಿ ಗಂಟೆಗಟ್ಟಲೆ ಮಾತಾಡಿ ಬರುತ್ತಿದ್ದರು. ಸಿನಿಮಾದ ಕೆಲಸ ಮಾತ್ರ ಆಮೆ ನಡಿಗೆಯಲ್ಲಿ ಸಾಗಿತು. ಒಟ್ಟು ಎಂಟು ವರ್ಷ. ನಿಶಿಮುರಾ ಅಷ್ಟರಲ್ಲಿ ಮದುವೆಯಾಗಿ ಮಕ್ಕಳ ತಂದೆಯೂ ಆದರು.

‘ದಿ ಟೇಲ್ ಆಫ್ ದಿ ಪ್ರಿನ್ಸೆಸ್ ಕಾಗುಯಾ’ ಜಪಾನಿನ ಅತಿ ಹಳೆಯ ಕಥೆಗಳಲ್ಲಿ ಒಂದು. ಬಿದಿರಿನೊಳಗೆ ಸಿಕ್ಕ ಮಗು, ಅರಮನೆಯ ಬದುಕು, ಕೊನೆಗೆ ಚಂದ್ರಲೋಕಕ್ಕೆ ವಾಪಸ್. ಒಸಾಮು ತನಾಬೆಯ ಗೆರೆ, ಕಝುವೊ ಓಗಾ ಅವರ ಜಲವರ್ಣ. ಕರಡು ಚಿತ್ರದಲ್ಲಿ ಇರುವ ಜೀವ, ಅದನ್ನು ತಿದ್ದಿ ಶುದ್ಧ ಮಾಡಿದಾಗ ಸತ್ತುಹೋಗುತ್ತದೆ ಎಂಬುದು ತಕಹತಾ ಅವರ ಹಳೆಯ ದೂರು. ಇಲ್ಲಿ ಆ ಕರಡನ್ನೇ ತೆರೆಗೆ ತಂದರು. ಹಬ್ಬದ ರಾತ್ರಿ ರಾಜಕುಮಾರಿ ಅವಮಾನದಿಂದ ಅರಮನೆ ಬಿಟ್ಟು ಓಡುವ ದೃಶ್ಯವೊಂದಿದೆ. ಬಣ್ಣ ಕಳಚುತ್ತದೆ, ರೇಷ್ಮೆ ಬಟ್ಟೆಗಳು ಕಳಚುತ್ತವೆ, ಕೊನೆಗೆ ಮುಖವೇ ಕಳಚಿ ಇದ್ದಿಲಿನ ಗೀಚು ಮಾತ್ರ ಉಳಿಯುತ್ತದೆ. ಚಿತ್ರ ಬರೆಯಲು ಬಾರದ ಮನುಷ್ಯ ಮಾಡಿಸಿದ ದೃಶ್ಯ ಅದು ಎಂದು ನೆನಪಿಟ್ಟುಕೊಂಡು ನೋಡಿ.

ಉಜಿಯೆ ಸಿನಿಮಾ ನೋಡಲು ಉಳಿಯಲಿಲ್ಲ, 2011ರಲ್ಲೇ ತೀರಿಕೊಂಡರು. ಬಿದಿರು ಕಡಿಯುವ ಮುದುಕನಿಗೆ ದನಿ ಕೊಟ್ಟ ನಟ ತಾಕೆಯೊ ಚಿಯಿ 2012ರಲ್ಲಿ ಹೋದರು. ದನಿಯನ್ನು ಮೊದಲೇ ರೆಕಾರ್ಡ್ ಮಾಡುವ ಪದ್ಧತಿಯಿಂದಾಗಿ ಸಿನಿಮಾದಲ್ಲಿ ಅವರ ದನಿ ಉಳಿಯಿತು. ಮಿಯಾಝಾಕಿಯ ‘ದಿ ವಿಂಡ್ ರೈಸಸ್’ ಜೊತೆ ಒಂದೇ ದಿನ ಬಿಡುಗಡೆ ಮಾಡಿ 1988ನ್ನು ನೆನಪಿಸಬೇಕು ಎಂಬ ಆಸೆಯಿತ್ತು. ಊಹಿಸಿದಂತೆ ತಕಹತಾ ಅವರದು ಮುಗಿದಿರಲಿಲ್ಲ! 2013ರ ನವೆಂಬರ್ 23ರಂದು ಬಂತು. ಖರ್ಚು ಸುಮಾರು 500 ಕೋಟಿ ಯೆನ್, ಜಪಾನಿನ ಥಿಯೇಟರುಗಳಲ್ಲಿ ಗಳಿಕೆ ಅದರ ಅರ್ಧದಷ್ಟು. ಆಸ್ಕರ್‌ಗೆ ನಾಮನಿರ್ದೇಶನವಾಯಿತು, ಪ್ರಶಸ್ತಿ ಡಿಸ್ನಿಯ ‘ಬಿಗ್ ಹೀರೊ 6’ ಪಾಲಾಯಿತು.

2018ರ ಏಪ್ರಿಲ್ 5ರಂದು, 82ನೇ ವಯಸ್ಸಿನಲ್ಲಿ ತಕಹತಾ ಶ್ವಾಸಕೋಶದ ಕ್ಯಾನ್ಸರಿನಿಂದ ತೀರಿಕೊಂಡರು. ಮೇ 15ರಂದು ಘಿಬ್ಲಿ ಮ್ಯೂಸಿಯಂನಲ್ಲಿ ನಡೆದ ವಿದಾಯ ಸಭೆಯಲ್ಲಿ ಮಿಯಾಝಾಕಿ ಅಳುತ್ತಲೇ ಮಾತಾಡಿದರು. ಪಾಕು ಸಾನ್ 95 ವರ್ಷ ಬದುಕುತ್ತಾರೆ ಎಂದು ತಾನು ನಂಬಿಕೊಂಡಿದ್ದೆ ಎಂದರು. ಮಳೆ ನಿಂತ ಮೇಲೆ ನೀರು ನಿಂತಿದ್ದ ಒಂದು ಬಸ್ ಸ್ಟಾಪಿನಲ್ಲಿ ಈ ಎತ್ತರದ, ಬುದ್ಧಿವಂತ ಮುಖದ ಯುವಕ ತನ್ನನ್ನು ಮೊದಲ ಬಾರಿ ಮಾತಾಡಿಸಿದ್ದನ್ನು, 55 ವರ್ಷದ ಹಿಂದಿನದನ್ನು, ನಿನ್ನೆ ಮೊನ್ನೆಯದೆಂಬಂತೆ ನೆನೆದರು. ಮರುವರ್ಷ ಟೋಕಿಯೊದ ಆಧುನಿಕ ಕಲಾ ಮ್ಯೂಸಿಯಂನಲ್ಲಿ ತಕಹತಾ ಪ್ರದರ್ಶನ ನಡೆದಾಗ ಜನ ಮುಗಿಬಿದ್ದು ನೋಡಿದ್ದರಲ್ಲಿ ಅವರ ಚಿತ್ರಗಳಿರಲಿಲ್ಲ. ‘ಹೋರಸ್’ ಕಾಲದ ಚಾರ್ಟುಗಳು, ಸಣ್ಣ ಅಕ್ಷರದಲ್ಲಿ ಬರೆದಿಟ್ಟ ನೋಟ್‌ಬುಕ್ಕುಗಳು ಇದ್ದವು.

ಇದನ್ನು ಓದಿ ನೋಡಬೇಕು ಅನ್ನಿಸಿದವರಿಗೆ ಒಂದು ಸಲಹೆ. ‘ಫೈರ್‌ಫ್ಲೈಸ್’ನಿಂದ ಶುರು ಮಾಡಬೇಡಿ, ಮರುದಿನ ಪರೀಕ್ಷೆ ಇದ್ದರಂತೂ ಬೇಡವೇ ಬೇಡ. ಭಾನುವಾರ ಮಧ್ಯಾಹ್ನ ಮನೆಯವರ ಜೊತೆ ‘ಯಮದಾಸ್’ ಹಾಕಿ, ನಗು ಬರುತ್ತದೆ. ಆಮೇಲೆ ಒಬ್ಬರೇ ಇದ್ದಾಗ ‘ಓನ್ಲಿ ಯೆಸ್ಟರ್‌ಡೇ’. ಹೆಸರುಗಳು ಓಡಲು ಶುರುವಾದ ಕೂಡಲೇ ಎದ್ದು ಹೋಗಬೇಡಿ. ಸಿನಿಮಾದ ನಿಜವಾದ ಕೊನೆ ಇರುವುದು ಆ ಹೆಸರುಗಳ ಹಿಂದೆ.